ಅರ್ಧ ಪದದ ಪೆನ್ ಡ್ರೈವ್

ನನ್ನ ಸಿಟ್ಟು ಇನ್ನೂ ಇಳಿದಿಲ್ಲ. ಇಳಿಯುವ ಮೊದಲೇ ಬರೆದುಬಿಡಬೇಕೆಂದು ಕುಳಿತಿದ್ದೇನೆ. ತಣ್ಣಗಾದ ಮೇಲೆ ಬರೆದರೆ ಎಲ್ಲರನ್ನೂ ಕ್ಷಮಿಸಿಬಿಡುತ್ತೇನೆ. ನನ್ನ ಮನಸ್ಸು ಅಷ್ಟು ದೊಡ್ಡದು, ಏನು ಮಾಡುವುದು.

ಹುಮನಾಬಾದಿನ ಬಸ್ ಸ್ಟ್ಯಾಂಡಿನ ಎದುರು ಸಾಲಿನಲ್ಲಿ ಒಂದು ಮೊಬೈಲ್ ಅಂಗಡಿ ಇದೆ. ಅದರ ಮುಂದೆ ದಾರ ಕಟ್ಟಿ ಪೆನ್ ಡ್ರೈವ್‌ಗಳನ್ನು ಒಣಮೆಣಸಿನಕಾಯಿಯ ಹಾಗೆ ತೂಗುಬಿಟ್ಟಿರುತ್ತಾರೆ. ಒಂದರಲ್ಲಿ ಭಜನೆ, ಒಂದರಲ್ಲಿ ಕವ್ವಾಲಿ, ಒಂದರಲ್ಲಿ ಮರಾಠಿ ಕುಣಿತದ ಹಾಡು. ಯಾರೋ ಹಾಡಿದ್ದು, ಯಾರೋ ಬಾರಿಸಿದ್ದು, ಎಲ್ಲವನ್ನೂ ಬಾಚಿ ಚೀಲಕ್ಕೆ ಸುರಿದ ಹಾಗೆ ಒಂದರೊಳಗೆ ತುಂಬಿ, ಮೇಲೆ ಮದುಮಗಳ ಚಿತ್ರ ಅಂಟಿಸಿ, 'ಸೂಪರ್ ಹಿಟ್' ಎಂದು ಬರೆದರೆ ಮುಗಿಯಿತು. ಪ್ರತಿ ಹಾಡಿನ ನಡುವೆ ಅಂಗಡಿಯವನ ದನಿ ಬಂದು ತನ್ನ ಅಂಗಡಿಯ ಹೆಸರು ಕೂಗುತ್ತದೆ. ಹಾಡು ಕಟ್ಟಿದವರ ಹೆಸರಿಲ್ಲ, ಹಾಡಿದವರ ಹೆಸರಿಲ್ಲ, ಚೀಲ ತುಂಬಿದವನ ಹೆಸರು ಮಾತ್ರ ಹಾಡಿಗೊಮ್ಮೆ.

ಆ ಚೀಲದೊಳಗೆ ನನ್ನ ಪದವೂ ಹೋಗಿ ಬಿದ್ದಿತ್ತು.

ನಾನು ಮೂವತ್ತು ವರ್ಷಕ್ಕೂ ಹೆಚ್ಚು ಕಾಲ ಬಸ್ ಕಂಡಕ್ಟರ್ ಆಗಿದ್ದವನು. ಹುಮನಾಬಾದ್‌ನಿಂದ ಬಸವಕಲ್ಯಾಣದ ದಾರಿಯಲ್ಲಿ ನನ್ನ ಬಾಯಿಗೆ ಸಿಗದೆ ಪಾರಾದ ಪ್ರಯಾಣಿಕ ಇಲ್ಲ. ನಿದ್ದೆ ಹೊಡೆಯುವವನ ಕಿವಿಯಲ್ಲಿ 'ನಿಮ್ಮೂರು ಹಿಂದೆ ಹೋಯ್ತು' ಎಂದು ಹೇಳಿ, ಅವನು ಗಂಟು ಹೊತ್ತು ಬಾಗಿಲಿಗೆ ಓಡಿದ ಮೇಲೆ, 'ಹೋಗಿಲ್ಲ ಕೂಡ್ರಿ, ಇನ್ನೂ ಮುಂದದ' ಎನ್ನುತ್ತಿದ್ದೆ. ಅವರೂ ನಗುತ್ತಿದ್ದರು. ಮರುದಿನ ಅದೇ ಬಸ್ಸಿಗೆ ಬರುತ್ತಿದ್ದರು. ಚೇಷ್ಟೆ ಎಂದರೆ ಹಾಗಿರಬೇಕು. ಚೇಷ್ಟೆಗೆ ಸಿಕ್ಕವನು ಮರುದಿನ ಬರಬೇಕು.

ನನ್ನ ಹೆಂಡತಿಯ ವಿದ್ಯೆ ಇನ್ನೂ ದೊಡ್ಡದು. ನಮ್ಮ ಕಡೆ ಮದುವೆಯ ಪಂಕ್ತಿಯಲ್ಲಿ ಬೀಗರ ಪದ ಹಾಡುತ್ತಾರೆ. ಹೆಣ್ಣಿನವರು ಗಂಡಿನವರನ್ನು, ಗಂಡಿನವರು ಹೆಣ್ಣಿನವರನ್ನು ಪದ ಕಟ್ಟಿ ಬೈಯುವುದು. ಮುಖ ನೋಡಿ, ಉಟ್ಟದ್ದು ನೋಡಿ, ಉಣ್ಣುವುದು ನೋಡಿ, ಅಲ್ಲೇ ಕಟ್ಟಿ ಅಲ್ಲೇ ಹಾಡಬೇಕು. ಅದಕ್ಕೆ ಒಂದು ಕಟ್ಟಳೆ ಇದೆ. ಒಂದು ಕಡೆಯವರು ಬೈದ ಮೇಲೆ ಇನ್ನೊಂದು ಕಡೆಯವರು ಬೈಯಬೇಕು. ಉತ್ತರ ಬರುವ ತನಕ ಪದ ಮುಗಿದಂತಲ್ಲ. ಉತ್ತರ ಕೊಡದ ಬೀಗಿತ್ತಿಯನ್ನು ಹಾಗೇ ಏಳಲು ಬಿಡುವುದಿಲ್ಲ, ಸೆರಗು ಹಿಡಿದು ಕೂರಿಸುತ್ತಾರೆ. ಎರಡೂ ಕಡೆ ಆದ ಮೇಲೆ ಬೀಗಿತ್ತಿಯರು ಪರಸ್ಪರ ಬಾಯಿಗೆ ಒಂದೊಂದು ತುತ್ತು ಇಟ್ಟರೆ ಬೈಗುಳ ಅಲ್ಲಿಗೆ ತೀರಿತು.

ನಮ್ಮ ಕಿರಿಯ ಮಗಳನ್ನು ಬಸವಕಲ್ಯಾಣದ ಬೆಲ್ಲದ ಅಂಗಡಿಯವರ ಮನೆಗೆ ಕೊಟ್ಟಿದ್ದೇವೆ. ಮದುವೆಯಲ್ಲಿ ನನ್ನ ಹೆಂಡತಿ ಅಳಿಯನ ತಾಯಿಯ ಮೇಲೆ ಹಾಡಿದ ಪದ ಇದು. ಸಾಲು ಅಲ್ಲೇ ಅವಳ ಕಿವಿಯಲ್ಲಿ ನಾನು ಕಟ್ಟಿಕೊಟ್ಟವು, ದನಿ ಅವಳದು.

*ಬೆಲ್ಲದಂಗಡಿ ಬೀಗಿತ್ತಿ ಬಂದಾಳ ನೋಡ*
*ಗಲ್ಲ ಉಬ್ಬಿಸಿ ಪಂಗತ್ಯಾಗ ಕುಂತಾಳ ನೋಡ*
*ಉಂಡದ್ದು ಸಾಲದಕ ಸೆರಗಿಗಿ ಕಟ್ಯಾಳ*
*ಎರಡ ಹೋಳಿಗಿ ಗಂಟ ಹಾಕ್ಯಾಳ ನೋಡ*

ಪದ ಚಲೋ ಇದೆ. ಈಗಲೂ ಹೇಳುತ್ತೇನೆ, ಚಲೋ ಇದೆ. ಬೀಗಿತ್ತಿ ನಿಜವಾಗಿಯೂ ಸೆರಗಿನ ತುದಿಗೆ ಎರಡು ಹೋಳಿಗೆ ಕಟ್ಟಿಕೊಂಡಿದ್ದಳು. ಹಾಸಿಗೆ ಹಿಡಿದಿದ್ದ ಅವಳ ಅತ್ತೆ ಮೊಮ್ಮಗನ ಮದುವೆಯ ಹೋಳಿಗೆ ಬೇಕೆಂದಿದ್ದಳು. ಇಡೀ ಮಂಟಪಕ್ಕೆ ಅದು ಗೊತ್ತಿತ್ತು. ಗೊತ್ತಿದ್ದುದರಿಂದಲೇ ಅಷ್ಟು ನಕ್ಕರು. ಬೀಗಿತ್ತಿ ಸುಮ್ಮನೆ ಕೂರಲಿಲ್ಲ. ನನ್ನ ಕಪ್ಪು ಮೀಸೆಯ ಮೇಲೆ ತಿರುಗಿ ಪದ ಹಾಡಿದಳು. ಅದನ್ನು ಮುಂದೆ ಹೇಳುತ್ತೇನೆ. ಹೇಳಲು ಮನಸ್ಸಿಲ್ಲ, ಆದರೂ ಹೇಳಬೇಕು.

ಮೊನ್ನೆಯ ಕಬ್ಬಿನ ಹಂಗಾಮಿನಲ್ಲಿ ಒಂದು ದಿನ ನಾನು ಗೆಳೆಯನ ಹೊಲಿಗೆ ಅಂಗಡಿಯ ಮುಂದೆ ಕುಳಿತಿದ್ದೆ. ಆತ ನನ್ನ ವಾರಿಗೆಯವನು. ಅವನ ಅಜ್ಜ ನಿಜಾಮರ ಕಾಲದಲ್ಲಿ ಶೇರ್ವಾನಿ ಹೊಲಿದವನು, ಇವನು ಈಗ ಶಾಲೆಯ ಚಡ್ಡಿ ಹೊಲಿಯುತ್ತಾನೆ ಎಂದು ನಾನು ದಿನಾ ಒಮ್ಮೆ ಚುಚ್ಚುತ್ತೇನೆ. ಕಬ್ಬು ತುಂಬಿದ ಟ್ರ್ಯಾಕ್ಟರೊಂದು ಬಂತು. ಅದರ ಮೇಲಿನ ಸ್ಪೀಕರ್ ಪೆಟ್ಟಿಗೆಯಿಂದ ಧಡಧಡ ಬಡಿತ, ಬಡಿತದ ನಡುವೆ ನನ್ನ ಹೆಂಡತಿಯ ದನಿ.

ಗೆಳೆಯ ಸೂಜಿ ನಿಲ್ಲಿಸಿದ. "ಕಂಡಕ್ಟರ್ ಸಾಬ್, ಇದು ಭಾಭಿದು ಆವಾಜ್ ಅಲ್ಲೇನು?"

"ನಿನಗ ಕಿವಿ ಕೇಳಸ್ತದ ಅಂತ ಇವತ್ತ ಗೊತ್ತಾಯ್ತು," ಎಂದೆ. ತಮಾಷೆ ಮಾಡಿದರೂ ಎದೆ ಉಬ್ಬಿತ್ತು. ನನ್ನ ಪದ ಟ್ರ್ಯಾಕ್ಟರಿನಲ್ಲಿ. ಈಗ ಬೀಗಿತ್ತಿಯ ಉತ್ತರ ಬರುತ್ತದೆ, ನನ್ನ ಮಾನ ಹೋಗುತ್ತದೆ ಎಂದು ಕಾದೆ. ಉತ್ತರ ಬರಲಿಲ್ಲ. ಅಂಗಡಿಯವನ ಹೆಸರು ಬಂತು, ಯಾವುದೋ ಕುಣಿತದ ಹಾಡು ಬಂತು, ಟ್ರ್ಯಾಕ್ಟರ್ ಹೋಯಿತು.

ಮನೆಗೆ ಹೋದರೆ ಹೆಂಡತಿ ನಡುಮನೆಯಲ್ಲಿ ಕೌದಿ ಮುಂದಿಟ್ಟುಕೊಂಡು ಕುಳಿತಿದ್ದಳು. ಮಗಳಿಗೆ ಏಳನೇ ತಿಂಗಳು. ಸೀಮಂತದ ಕುಬಸ ಮಾಡಿ, ಚೊಚ್ಚಲ ಹೆರಿಗೆಗೆ ತವರಿಗೆ ಕರೆತರಬೇಕು. ಅದಕ್ಕೆಂದು ಹಳೆ ಸೀರೆಗಳನ್ನೆಲ್ಲ ಕತ್ತರಿಸಿ ಕೂಸಿಗೆ ಕೌದಿ ಹೊಲಿಯುತ್ತಿದ್ದಳು. ಆವತ್ತು ಹೊಲಿಯುತ್ತಿರಲಿಲ್ಲ, ಮಡಚುತ್ತಿದ್ದಳು.

"ಹುಡುಗಿ ಫೋನ್ ಹಚ್ಚಿದ್ಲು," ಎಂದಳು. "ಅಕಿ ಅತ್ತಿ ಹೆರಿಗಿ ಅಲ್ಲೇ ಮಾಡಸ್ತೀವಿ ಅಂದಾರಂತ. ಕರ್ಯಾಕ ಬರಬ್ಯಾಡ್ರಿ ಅಂದಾರಂತ."

"ಯಾಕಂತ?"

"ಯಾಕಂತ ನನಗ ಕೇಳ್ತೀರಿ? ಪದ ಮಾರಿದವರು ನೀವು."

"ನಾ ಎಲ್ಲಿ ಮಾರೀನಿ?"

ಅವಳು ನನ್ನ ಮುಖ ನೋಡಿದಳು. ನಲವತ್ತು ವರ್ಷ ಸಂಸಾರ ಮಾಡಿದ ಹೆಂಡತಿ ನನ್ನನ್ನು ನಂಬಲಿಲ್ಲ. ನನ್ನ ಸಿಟ್ಟು ಅಲ್ಲಿಂದ ಶುರುವಾಯಿತು. ಮಾಡಿದ ಚೇಷ್ಟೆಗಳಿಗೆ ನಾನು ಎಂದೂ ಬೆನ್ನು ತಿರುಗಿಸಿದವನಲ್ಲ. ಮಾಡದ್ದನ್ನು, ಅದೂ ಇಂಥ ಕೊಳಕು ಚೇಷ್ಟೆಯನ್ನು ನನ್ನ ತಲೆಗೆ ಕಟ್ಟುತ್ತಾರೆಂದರೆ ನನ್ನ ಕೈಚಳಕವನ್ನು ಇವರು ತಿಳಿದದ್ದೇ ಇಷ್ಟೇನು?

ಮರುದಿನ ಬೆಳಿಗ್ಗೆ ಮೊಬೈಲ್ ಅಂಗಡಿಗೆ ಹೋದೆ. ಅಂಗಡಿಯವನಿಗೆ ಮೂವತ್ತರ ಪ್ರಾಯ. ಮಾತಾಡುವಾಗಲೂ ಕಣ್ಣು ಫೋನಿನ ಮೇಲೆ.

"ಬೆಲ್ಲದಂಗಡಿ ಬೀಗಿತ್ತಿ ಪದ ನಿನಗೆಲ್ಲಿ ಸಿಕ್ತು?"

"ವಾಟ್ಸಪ್‌ನಾಗ ಬಂದಿತ್ತು ಅಂಕಲ್. ಯಾರೋ ಮದುವಿಯಾಗ ತಗೊಂಡಿದ್ದು. ಭಾರಿ ನಡ್ಯಾಕತ್ತದ."

"ಹಾಡಿದಾಕಿ ನನ್ನ ಹೆಂಡತಿ."

ಆಗ ತಲೆ ಎತ್ತಿದ. "ಮಸ್ತ್ ಹಾಡ್ಯಾರ ನೋಡ್ರಿ. ಇನ್ನೊಂದೆರಡು ಇದ್ರ ಕೊಡ್ರಿ, ಎರಡನೇ ಭಾಗಕ್ಕ ಹಾಕೋಣು."

"ಇದರ ಬೆನ್ನಿಗೆ ಇನ್ನೊಂದು ಪದ ಇತ್ತಲ್ಲ, ಉತ್ತರದ್ದು?"

"ಇತ್ರಿ. ಅವರು ಫೋನಿಂದ ದೂರ ಕುಂತಾರ, ದನಿ ಸಣ್ಣಗ ಬಂದದ. ಕಟ್ ಮಾಡೀನಿ. ಈಗಿನ ಮಂದಿ ಒಂದು ಪದ ಪೂರ್ತಿ ಕೇಳಿದ್ರೇ ದೊಡ್ಡ ಮಾತು ಅಂಕಲ್."

"ಅಳಸು ಅದನ್ನ."

"ನನ್ನ ಕಡೀದು ಅಳಸಬಹುದು. ಚಿಟಗುಪ್ಪಾ, ಬೇಮಳಖೇಡ, ನಿರ್ಣಾ, ಎಲ್ಲಾ ಕಡೆ ಟ್ರ್ಯಾಕ್ಟರಿನಾಗ ಹೋಗಿ ಕುಂತದ. ಅದನ್ನ ಯಾರು ಅಳಸ್ತಾರ?"

ಎಷ್ಟು ಆರಾಮಾಗಿ ಹೇಳಿದ. ಬಾಳೆಹಣ್ಣು ತಿಂದು ಸಿಪ್ಪೆ ಎಸೆದಷ್ಟು ಆರಾಮು. ಒಂದು ಮನೆಯ ಹೆಂಗಸನ್ನು ಊರೂರಿಗೆ ಕಳ್ಳಿ ಮಾಡಿ ಬಿಟ್ಟು, ದನಿ ಸಣ್ಣಗೆ ಬಂದದ ಎನ್ನುತ್ತಾನೆ. ಅವನ ದನಿ ಮಾತ್ರ ಹಾಡಿಗೊಮ್ಮೆ ದೊಡ್ಡದಾಗಿಯೇ ಬರುತ್ತದೆ. ನಾನು ಅವನಿಗೆ ಬೈದ ಬೈಗುಳ ಇಲ್ಲಿ ಬರೆಯುವುದಿಲ್ಲ. ಬೈದು ಅಲ್ಲಿಂದಲೇ ಬಸವಕಲ್ಯಾಣದ ಬಸ್ಸು ಹತ್ತಿದೆ.

ಬೆಲ್ಲದ ಅಂಗಡಿ ಮುಂದೆ, ಮನೆ ಹಿಂದೆ. ಆ ಮನೆಗೆ ಯಾರೇ ಹೋಗಲಿ, ನೀರಿನ ತಂಬಿಗೆಯ ಜೊತೆ ತಾಟಿನಲ್ಲಿ ಬೆಲ್ಲದ ಚೂರು ಬರುತ್ತದೆ. ಆವತ್ತು ನೀರೂ ಬರಲಿಲ್ಲ. ಬೀಗಿತ್ತಿ ಬಾಗಿಲಲ್ಲೇ ನಿಂತಳು.

"ಬಂದಿರೇನ್ರಿ ಬೀಗರ. ನಮ್ಮನಿದು ಇನ್ನೇನು ಮಾರೋದು ಉಳದದ?"

"ನಾ ಮಾರಿಲ್ರಿ ಅಕ್ಕಾರ."

"ನೀವು ಮಾರಿಲ್ಲಂದ್ರ ಯಾರ ನಂಬತಾರ? ಮದುವಿ ದಿನ ನಮ್ಮ ಹಿರಿಯರ ಒಂದು ಚಪ್ಪಲಿ ಬಚ್ಚಿಟ್ಟು ಇಡೀ ಮಂಟಪ ಹುಡುಕಿಸಿದವರು ನೀವು."

"ಹೌದ್ರಿ, ನಾನ ಬಚ್ಚಿಟ್ಟಿದ್ದೆ. ಸಂಜಿಗಿ ಹಾರ ಹಾಕಿ ತಂದುಕೊಟ್ಟೀನಿ. ಮಾಡಿದ್ದು ಒಪ್ಪಿಕೋತೀನಿ. ಇಂಥ ಹಲ್ಕಾ ಕೆಲಸ ನನ್ನ ಕೈಯಾಗ ಆಗೂದಿಲ್ಲ."

ಒಳಬಾಗಿಲಲ್ಲಿ ಮಗಳು ಗೋಡೆಗೆ ಆತು ನಿಂತಿದ್ದಳು. ಮುಖ ಸಣ್ಣದಾಗಿತ್ತು, ಹೊಟ್ಟೆ ದೊಡ್ಡದಾಗಿತ್ತು. ನನ್ನ ಕಡೆ ನೋಡಿದಳು.

ಬೀಗಿತ್ತಿಯ ದನಿ ಏರಲಿಲ್ಲ. ಏರಿದ್ದರೆ ನನಗೆ ಸುಲಭವಿತ್ತು. "ಅಂಗಡಿಗಿ ಬಂದವರು ಬೆಲ್ಲ ಕೇಳೂದಕ್ಕಿಂತ ಮೊದಲ ಹೋಳಿಗಿ ಕೇಳತಾರ. ನೀರಿಗಿ ನಿಂತರ ನನ್ನ ಸೆರಗ ನೋಡತಾರ. ಆ ಹೋಳಿಗಿ ಯಾರಿಗಿ ಕಟ್ಟಿದ್ದೆ ಅಂತ ಆವತ್ತು ಮಂಟಪದಾಗ ಕುಂತವರಿಗೆಲ್ಲಾ ಗೊತ್ತಿತ್ತು. ಮನಿಗಿ ಬಂದು ಅತ್ತಿ ಬಾಯಿಗಿ ಹೋಳಿಗಿ ಮುರಿದು ಇಟಗೋತ, ನಿಮ್ಮ ಪದ ನಾನ ಹಾಡಿ ತೋರಸೀನಿ. ಅಕಿ ನಕ್ಕು ನಕ್ಕು ಕೆಮ್ಮಿದ್ಲು. ಈಗ ಅಕಿ ಇಲ್ಲ. ಆ ಟ್ರ್ಯಾಕ್ಟರ್ ಮಂದಿಗಿ ಏನ್ ಗೊತ್ತದ? ಅವರಿಗಿ ನಾ ಕಳ್ಳಿ."

ಕೈಮುಗಿದು ಕೇಳಿಕೊಂಡರೆ ಈಕೆ ಕರಗುವವಳಲ್ಲ. ಕರಗಿದರೂ ಟ್ರ್ಯಾಕ್ಟರಿನ ಪದ ನಿಲ್ಲುವುದಿಲ್ಲ. ಮೊಬೈಲ್ ಅಂಗಡಿಯವನ ಮೇಲಿನ ಸಿಟ್ಟು ಇನ್ನೂ ಹಾಗೇ ಇತ್ತು. ಅದೇ ಸಿಟ್ಟಿನಲ್ಲಿ ನನ್ನ ಹಳೆಯ ಬುದ್ಧಿ ಓಡಿತು.

"ಅದಕ್ಕ ನೀವು ಉತ್ತರ ಹಾಡಿದ್ರಲ್ರಿ," ಎಂದೆ. "ನನಗ ಇನ್ನೂ ನೆನಪದ." ಕತ್ತು ಎತ್ತಿ ಅಲ್ಲೇ ಬಾಗಿಲಲ್ಲಿ ಹಾಡಿದೆ.

*ತಿಕೀಟ ಹರಿಯೋ ಬೀಗಪ್ಪ ಬಂದಾನ ನೋಡ*
*ಮೀಸಿ ತಿರುವಿ ರಾಜನಂಗ ನಿಂತಾನ ನೋಡ*

ಬೀಗಿತ್ತಿ ಹುಬ್ಬು ಗಂಟಿಕ್ಕಿದಳು. "ನಾ ಹಂಗ ಹಾಡಿಲ್ಲ."

"ಹಂಗ ಹಾಡೀರಿ. ರಾಜನಂಗ ಅಂದೀರಿ, ಹೊಳಿಯೋ ಸೂರ್ಯ ಅಂದೀರಿ. ನಾಚಿಗಿ ಬಂದು ನಾ ತಲಿ ತಗ್ಗಿಸಿದ್ದೆ."

"ಸುಳ್ಳ ಬೊಗಳಬ್ಯಾಡ್ರಿ."

"ಪೆನ್ ಡ್ರೈವಿನಾಗ ನಿಮ್ಮ ಪದ ಅದ ಏನು? ಇಲ್ಲ. ಅಂದಮ್ಯಾಲೆ ನಾ ಹೇಳಿದ್ದ ಖರೆ. ಊರಿಗೆಲ್ಲಾ ಇದನ್ನ ಹೇಳಾಕತ್ತೇನಿ. ಬೆಲ್ಲದಂಗಡಿ ಬೀಗಿತ್ತಿ ನನ್ನ ಹೊಗಳಿ ಹಾಡ್ಯಾಳ ಅಂತ."

ಇಷ್ಟು ಹೊತ್ತು ಅಲುಗದೆ ನಿಂತಿದ್ದವಳು ಹೊಸ್ತಿಲು ದಾಟಿ ಮುಂದೆ ಬಂದಳು. ಸೆರಗು ಸೊಂಟಕ್ಕೆ ಸಿಕ್ಕಿಸಿದಳು. ಅಂಗಡಿಯಲ್ಲಿ ಬೆಲ್ಲ ತೂಗುತ್ತಿದ್ದವರು ಇತ್ತ ತಿರುಗಿದರು. ಮಗಳು ಮೆಲ್ಲಗೆ ಫೋನ್ ತೆಗೆದು ಕೇಳಿದಳು: "ಅತ್ತಿ, ಹಚ್ಚಲೇನ್ರಿ?"

"ಹಚ್ಚು. ಸನಿಹ ಹಿಡಿ. ಈ ಸಲ ದನಿ ಸಣ್ಣಗ ಬಂದದ ಅನ್ನಬಾರದು ಯಾರೂ."

ಮತ್ತು ಹಾಡಿದಳು. ಆ ದನಿ ರಸ್ತೆಯ ಆಚೆ ಹೋಗಿರಬೇಕು.

*ತಿಕೀಟ ಹರಿಯೋ ಬೀಗಪ್ಪ ಬಂದಾನ ನೋಡ*
*ಮೀಸಿಗಿ ಮಸಿ ಬಳದು ನಿಂತಾನ ನೋಡ*
*ಬೆವರಿಳಿದು ಮಸಿಯೆಲ್ಲ ಬಾಯಾಗ ಸುರದಾವ*
*ಕರಿ ಹೋಳಿಗಿ ತಾನ ಉಂಡಾನ ನೋಡ*

ಮದುವೆಯಲ್ಲಿ ಹಾಡಿದ್ದು ಇಷ್ಟೇ. ಇಷ್ಟಕ್ಕೆ ನಿಲ್ಲಿಸಬಹುದಿತ್ತು. ನಿಲ್ಲಿಸಲಿಲ್ಲ.

*ಊರ ಮಂದೀನೆಲ್ಲ ಚೇಷ್ಟಿ ಮಾಡತಾನ*
*ನನ್ನಂಥ ಶಾಣ್ಯಾ ಯಾರಿಲ್ಲ ಅಂತಾನ*
*ಮನಿಯಾಗ ಹೇಣತಿ ಕಣ್ಣ ಬಿಟ್ಟರ ಸಾಕ*
*ಬೆಕ್ಕಿನಂಗ ಮೂಲ್ಯಾಗ ಅಡಗತಾನ ನೋಡ*

ಅಂಗಡಿಯ ಗಿರಾಕಿಗಳು ಚೀಲ ಕೆಳಗಿಟ್ಟು ನಕ್ಕರು. ಮಗಳು ಫೋನ್ ಹಿಡಿದ ಕೈ ಅಲುಗದಂತೆ ತುಟಿ ಕಚ್ಚಿಕೊಂಡಿದ್ದಳು. ಹೆತ್ತ ಅಪ್ಪನ ಮಾನ ಹೋಗುವಾಗ ಅವಳ ಕಣ್ಣಲ್ಲಿ ಎಷ್ಟು ಆನಂದವಿತ್ತು ಎಂದರೆ, ಅದಕ್ಕೂ ನನಗೆ ಸಿಟ್ಟಿದೆ.

"ಇದು ನಿಮ್ಮ ಪದದ ಬೆನ್ನಿಗೆ ಬರಬೇಕು," ಎಂದಳು ಬೀಗಿತ್ತಿ. "ಕಬ್ಬಿನ ಟ್ರ್ಯಾಕ್ಟರ್ ನಮ್ಮ ಅಂಗಡಿ ಮುಂದ ಎರಡೂ ಹಾಡಿಕೊಂಡು ಹೋದ ದಿನ ಸೊಸಿನ್ನ ಕಳಸ್ತೀನಿ. ಅಲ್ಲೀತನಕ ಇಲ್ಲ." ಒಳಗೆ ತಿರುಗಿ, "ಬೀಗರಿಗಿ ನೀರು ಕೊಡವಾ," ಎಂದಳು. ಬೆಲ್ಲವೂ ಬಂತು. ತಿಂದೆ. ಸಿಟ್ಟಿನಲ್ಲೇ ತಿಂದೆ.

ಮರುದಿನ ಹೆಂಡತಿಯನ್ನು ಕರೆದುಕೊಂಡು ಮೊಬೈಲ್ ಅಂಗಡಿಗೆ ಹೋದೆ. ದಾರಿಯುದ್ದಕ್ಕೂ ಆಕೆ ಮಗಳು ಕಳಿಸಿದ ಪದ ಹಚ್ಚಿ ಫೋನ್ ಕಿವಿಗಿಟ್ಟು ಬೆಕ್ಕಿನ ಸಾಲನ್ನೇ ಮತ್ತೆ ಮತ್ತೆ ಕೇಳಿದಳು.

ಅಂಗಡಿಯವನು ಎಂದಿನಂತೆ ಆರಾಮಾಗಿದ್ದ. "ಎರಡನೇ ಭಾಗದಾಗ ಹಾಕ್ತೀನಿ ಅಂಕಲ್. ಮೊದಲನೇದು ತುಂಬಿ ಹೋಗ್ಯದ."

"ಮೊದಲನೇದರೊಳಗ, ನಮ್ಮ ಪದದ ಬೆನ್ನಿಗೆ," ಎಂದೆ. "ಮತ್ತ ಹಳೇದು ತಗೊಂಡು ಹೋದ ಟ್ರ್ಯಾಕ್ಟರಿನವರು ಯಾರು ಬಂದ್ರೂ ಇದನ್ನ ಪುಕ್ಕಟೆ ತುಂಬಿಕೊಡಬೇಕು."

"ಹಂಗೆಲ್ಲಾ ಹ್ಯಾಂಗ ಆಗ್ತದ ಅಂಕಲ್, ನನಗ ಬ್ಯಾರೆ ಕೆಲಸ ಇಲ್ಲೇನು?"

ನಾನು ಬೈಯಲು ಬಾಯಿ ತೆರೆಯುವಷ್ಟರಲ್ಲಿ ಹೆಂಡತಿ ನನ್ನನ್ನು ಪಕ್ಕಕ್ಕೆ ಸರಿಸಿದಳು. ಅಂಗಡಿಯವನನ್ನು ತಲೆಯಿಂದ ಕಾಲಿನ ತನಕ ನೋಡಿದಳು, ಬೀಗರನ್ನು ನೋಡುವ ಹಾಗೆ. ಆಮೇಲೆ ಸಣ್ಣ ದನಿಯಲ್ಲಿ ಶುರು ಮಾಡಿದಳು.

*ಬಸ್ ಸ್ಟ್ಯಾಂಡಿಗಿ ಎದುರಾಗಿ ಅಂಗಡಿ ಇಟ್ಟಾನ ನೋಡ*
*ಮಂದಿ ಹಾಡ ಕತ್ತರಿಸಿ ಹೊಟ್ಟಿ ಬೆಳಸ್ಯಾನ ನೋಡ*

ಬಸ್ಸಿಗೆ ಕಾದವರು ಹತ್ತಿರ ಬಂದರು. ಒಬ್ಬ ಫೋನ್ ಎತ್ತಿದ. ಅಂಗಡಿಯವನು ಎತ್ತಿದ ಫೋನನ್ನು ನೋಡಿದ, ನನ್ನ ಹೆಂಡತಿಯ ಬಾಯಿ ನೋಡಿದ. ಮೂರನೇ ಸಾಲು ಅವನ ಮೀಸೆಗೆ ಹೋಗುತ್ತದೋ ಅವನ ಹೆಂಡತಿಗೆ ಹೋಗುತ್ತದೋ ಅವನಿಗೆ ತಿಳಿಯಲಿಲ್ಲ.

"ಅವ್ವಾ, ಸಾಕ್ರಿ. ಹಾಕ್ತೀನಿ. ಈಗ ಹಾಕ್ತೀನಿ. ಕುಂದರ್ರಿ, ಚಾ ತರಸ್ತೀನಿ."

ನಮ್ಮಿಬ್ಬರ ಎದುರೇ ಎರಡೂ ಪದ ಒಂದರ ಬೆನ್ನಿಗೊಂದು ಸೇರಿಸಿದ. ಅವನ ಹೆಸರಿನ ಕೂಗನ್ನು ಆ ಎರಡರ ನಡುವಿನಿಂದ ತೆಗೆಸಿದೆ. ಅಷ್ಟು ಕೆಲಸ ಮುಗಿದ ಮೇಲೂ ಅವನಿಗೆ ತಾನು ಮಾಡಿದ ತಪ್ಪೇನೆಂದು ತಿಳಿದಿರಲಿಲ್ಲ. "ಇದೂ ಭಾರಿ ನಡೀತದ ನೋಡ್ರಿ," ಎಂದ. ಅವನಿಗೆ ಎಲ್ಲವೂ ನಡೆಯುವುದೇ. ನಡೆದು ನಡೆದು ಯಾರ ಮನೆಯ ಬಾಗಿಲಿಗೆ ಹೋಗಿ ನಿಲ್ಲುತ್ತದೆ ಎಂದು ಅಂಥವರು ಒಮ್ಮೆಯೂ ಕೇಳಿಕೊಳ್ಳುವುದಿಲ್ಲ.

ಅವನ ಮಾತು ಮಾತ್ರ ಸುಳ್ಳಾಗಲಿಲ್ಲ. ಆ ವಾರದಲ್ಲೇ ಹೊಲಿಗೆಯ ಗೆಳೆಯ ನನ್ನನ್ನು ನೋಡಿದೊಡನೆ, "ಆವ್ ಸಾಬ್, ಕರಿ ಹೋಳಿಗಿ ತಿಂತೀರೇನು?" ಎಂದ. ಶೇರ್ವಾನಿಯ ಬಾಕಿಯನ್ನೆಲ್ಲ ಒಂದೇ ಏಟಿಗೆ ತೀರಿಸಿಕೊಂಡ. ತರಕಾರಿ ಸಂತೆಯಲ್ಲಿ ಹೆಂಗಸರು ನನ್ನ ಮೀಸೆ ನೋಡಿ ಸೆರಗು ಬಾಯಿಗಿಡುತ್ತಾರೆ. ಬಸ್ಸು ಹತ್ತಿದರೆ ಹಿಂದಿನ ಸೀಟಿನಿಂದ ಮಿಯಾಂವ್ ಎನ್ನುತ್ತಾರೆ. ಮೂವತ್ತು ವರ್ಷ ನಾನು ಕಾಡಿಸಿದ ದಾರಿ ಅದು. ಈಗ ಅದೇ ದಾರಿಯವರು ನನಗೆ ಬೆಕ್ಕು ಕೂಗುತ್ತಾರೆ. ನನ್ನ ಪದ ಯಾರೂ ಹಾಡುವುದಿಲ್ಲ, ಎಲ್ಲರ ಬಾಯಲ್ಲಿ ಅವಳದೇ. ಅವಳ ಪದದಲ್ಲಿ ಮೂರನೇ ಸಾಲಿನ ತೂಕ ತಪ್ಪಿದೆ, ಕಿವಿ ಇದ್ದವರಿಗೆ ತಿಳಿಯುತ್ತದೆ. ಈ ಊರಲ್ಲಿ ಯಾರಿಗೂ ಕಿವಿ ಇಲ್ಲ. ಮೀಸೆಗೆ ಬಣ್ಣ ಹಚ್ಚುವುದನ್ನು ಬಿಡುತ್ತೇನೆಂದು ಕೆಲವರು ಕಾದರು. ಇನ್ನೂ ಗಾಢವಾಗಿ ಹಚ್ಚಿದೆ.

ಒಂದು ಮಧ್ಯಾಹ್ನ ಮಗಳ ಫೋನ್ ಬಂತು. ಮಾತಿಲ್ಲ, ಬರೀ ಸದ್ದು. ಟ್ರ್ಯಾಕ್ಟರಿನ ಸದ್ದು, ನನ್ನ ಹೆಂಡತಿಯ ದನಿ, ಆಮೇಲೆ ಬೀಗಿತ್ತಿಯ ದನಿ, ಅಂಗಡಿಯ ಮುಂದಿನ ಮಂದಿಯ ನಗು. ಹೆಂಡತಿ ಫೋನನ್ನು ನನ್ನ ಕೈಗೆ ಕೊಟ್ಟು ಕೌದಿ ಹೊರಗೆ ತೆಗೆದಳು. ನನ್ನನ್ನು ನಂಬದೆ ಇದ್ದುದಕ್ಕೆ ಒಂದು ಮಾತಾದರೂ ಹೇಳುತ್ತಾಳೇನೋ ಎಂದು ನಿಂತೆ. "ಬೆಳಕ ಬಿಟ್ಟು ಸರೀರಿ, ಸೂಜಿ ಕಾಣವಲ್ದು," ಎಂದಳು.

ಕಲ್ಯಾಣಕ್ಕೆ ಹೋಗಿ ಕುಬಸ ಮಾಡಿ ಬಂದೆವು. ಮೂರನೇ ದಿನ ಮಗಳನ್ನು ಅವರೇ ಕಾರಿನಲ್ಲಿ ಕರೆತಂದರು. ಕಾರು ನಮ್ಮ ಓಣಿಯ ತಿರುವಿಗೆ ಬಂದಾಗಲೇ ಸದ್ದು ಕೇಳಿತು. ಓಡಿಸುತ್ತಿದ್ದವನು ಅಳಿಯ. ತಾಯಿಯ ಪದ ಮಾತ್ರ ಬರುವ ಹಾಗೆ ಹಚ್ಚಿದ್ದ. ಕರಿ ಹೋಳಿಗೆಯಿಂದ ಬೆಕ್ಕಿನ ತನಕ, ಮುಗಿದರೆ ಮತ್ತೆ ಕರಿ ಹೋಳಿಗೆ. ಓಣಿಯ ಮನೆಗಳಿಂದ ಮಂದಿ ಹೊರಗೆ ಬಂದರು. ನಾನು ಬಾಗಿಲಲ್ಲಿ ನಿಂತು ಹಲ್ಲು ಕಡಿದೆ.

ಕಾರು ನಿಂತಿತು. ಬೀಗಿತ್ತಿ ಇಳಿಯಲಿಲ್ಲ. ಕಿಟಕಿಯೊಳಗಿಂದ ಅವಳ ಮಾತು ಸ್ಪಷ್ಟವಾಗಿ ಕೇಳಿತು.

"ಇದೊಂದ ಯಾಕ ಹಚ್ಚಿಯೋ? ಮೊದಲಿಂದ ಹಚ್ಚು."

"ಅವ್ವಾ, ಅದರಾಗ ನಿನಗ ಬೈದಾರ."

"ಬೈಲಿ. ಅವರು ಬೈದದ್ದು ಬಿಟ್ಟು ನಾ ಬೈದದ್ದ ಬಂದ್ರ, ಇಕಿ ಸುಮ್ಮಸುಮ್ಮನ ಬೀಗರ ಮನಿ ಮುಂದ ನಿಂತು ಬೈಯಾಕತ್ಯಾಳ ಅಂತಾರ ಮಂದಿ. ಮೊದಲಿಂದ ಹಚ್ಚು."

ಅಳಿಯ ಮೊದಲಿನಿಂದ ಹಚ್ಚಿದ. ಬೆಲ್ಲದಂಗಡಿ ಬೀಗಿತ್ತಿ ಬಂದಳು, ಗಲ್ಲ ಉಬ್ಬಿಸಿ ಕುಂತಳು, ಸೆರಗಿಗೆ ಕಟ್ಟಿದಳು. ಎರಡು ಹೋಳಿಗೆಯ ಸಾಲು ಮುಗಿಯುವ ತನಕ ಬೀಗಿತ್ತಿ ನೆಟ್ಟಗೆ ಕುಳಿತಿದ್ದಳು. ಆಮೇಲೆ ಬಾಗಿಲು ತೆಗೆದು ಇಳಿದು, ಮಗಳ ರಟ್ಟೆ ಹಿಡಿದು ಇಳಿಸಿಕೊಂಡಳು. ನನ್ನ ಹೆಂಡತಿ ಕಾಲಿಗೆ ನೀರು ತಂದಳು. ಹಿಂದೆ ಕಾರಿನಲ್ಲಿ ನನ್ನ ಮೀಸೆಯ ಮಸಿ ಬಾಯಿಗೆ ಇಳಿಯುತ್ತಿತ್ತು. ಮೂವರೂ ಹೆಂಗಸರು ನನ್ನನ್ನು ದಾಟಿ ಒಳಗೆ ಹೋದರು, ಒಬ್ಬರಾದರೂ ನಗು ತಡೆದುಕೊಳ್ಳಲಿಲ್ಲ.